ಮರುಭೂಮಿಯಲ್ಲಿ ನೀರಿನ ಕೆಲಸ: ಮಾಡಿದವರು ಹೇಳಿ

ಪ್ರಶ್ನೆ: ಸಿವಿಲ್ ಎಂಜಿನಿಯರಿಂಗ್ ಕೊನೇ ವರ್ಷದಲ್ಲಿದ್ದೇನೆ. ಮರುಭೂಮಿ ಪ್ರದೇಶಗಳಲ್ಲಿ ನೀರು ನಿರ್ವಹಣೆಯ ಕೆಲಸಕ್ಕೆ ಹೋಗಬೇಕು ಅಂತ ಆಸೆ. ನೀರೇ ಇಲ್ಲದ ಕಡೆ ನೀರಿನ ಕೆಲಸ ಏನಿರುತ್ತೆ ಅಂತ ಗೆಳೆಯರು ನಗುತ್ತಾರೆ. ದಿನಾ ಮಾಡೋದು ಏನು, ಏನು ಕಲಿತಿರಬೇಕು?

ಅಂತರ್ಜಲ ವಿಭಾಗ, 11 ವರ್ಷ:
ನೀರಿಲ್ಲದ ಕಡೆಯೇ ಲೆಕ್ಕ ಇಡುವವರು ಬೇಕು, ಅಲ್ವಾ? ಮೊದಲ ಎರಡು ವರ್ಷ ನಾನು ಮಾಡಿದ್ದು ಒಂದೇ ಕೆಲಸ, ಕೊಳವೆಬಾವಿಯೊಳಗೆ ಟೇಪ್ ಇಳಿಸಿ ನೀರು ಎಷ್ಟು ಆಳದಲ್ಲಿದೆ ಅಂತ ಬರೆದುಕೊಳ್ಳುವುದು. ತುದಿ ನೀರಿಗೆ ತಾಗಿದರೆ ರೀಲ್ ಬೀಪ್ ಅನ್ನುತ್ತದೆ. ಆದರೆ ಪೈಪಿನ ಒಳಗೋಡೆಯ ತೇವ ತಾಗಿದರೂ ಬೀಪ್ ಅನ್ನುತ್ತದೆ. ಒಮ್ಮೆ ನಾನು ಹಾಗೆ ಮೋಸಹೋಗಿ ನಾಲ್ಕು ಮೀಟರ್ ಮೇಲಿನ ಅಂಕಿ ಬರೆದುಬಿಟ್ಟೆ, ನೀರು ಏರಿದೆ ಅಂತ ಮೇಲಿನವರು ಖುಷಿಪಟ್ಟು ಇನ್ನೊಂದು ಪಂಪ್‌ಗೆ ಅನುಮತಿ ಕೊಡುವುದರಲ್ಲಿದ್ದರು. ಆಮೇಲಿಂದ ಮೂರು ಸಲ ಇಳಿಸಿ ನೋಡದೆ ಬರೆಯುವುದಿಲ್ಲ. ಪಕ್ಕದ ಪಂಪ್ ಓಡುತ್ತಿದೆಯಾ ಅಂತಲೂ ನೋಡಿಕೊಳ್ಳಿ, ಓಡುತ್ತಿದ್ದರೆ ಮಟ್ಟ ಸುಮ್ನೆ ಕೆಳಗೆ ತೋರಿಸುತ್ತದೆ.

ಇನ್ನೊಂದು ವಿಷಯ. ಆಳದ ನೀರು ಬಹಳ ಕಡೆ ಸಾವಿರಾರು ವರ್ಷ ಹಳೆಯದು, ತೆಗೆದರೆ ಮತ್ತೆ ತುಂಬುವುದಿಲ್ಲ. ಸೌದಿ ಅರೇಬಿಯಾ ಅಂಥ ನೀರಲ್ಲೇ ರಫ್ತು ಮಾಡುವಷ್ಟು ಗೋಧಿ ಬೆಳೆಯಿತು, ಕೊನೆಗೆ 2008ರಲ್ಲಿ ಅದನ್ನು ಹಂತ ಹಂತವಾಗಿ ಕೈಬಿಡುವ ತೀರ್ಮಾನ ಮಾಡಿತು. ನಾವು ವರದಿ ಕೊಟ್ಟರೆ ಎಲ್ಲರೂ ಮೊದಲು ಹುಡುಕುವುದು ‘ಇನ್ನೆಷ್ಟು ವರ್ಷ’ ಅನ್ನೋ ಸಾಲನ್ನೇ.

ಉಪ್ಪುನೀರು ಶುದ್ಧೀಕರಣ ಘಟಕ:
ನನ್ನ ಕೇಳಿದರೆ ಕೆಮಿಸ್ಟ್ರಿ ಕಲಿಯಿರಿ. ಸಮುದ್ರದ ನೀರನ್ನು ರಿವರ್ಸ್ ಆಸ್ಮೋಸಿಸ್‌ನಲ್ಲಿ, ಅಂದರೆ ಒತ್ತಡ ಹಾಕಿ ಉಪ್ಪು ತಡೆಯುವ ತೆಳು ಪೊರೆಯ ಮೂಲಕ ಹಾಯಿಸಿ, ಸಿಹಿ ಮಾಡಲು 1000 ಲೀಟರಿಗೆ ಸುಮಾರು 3ರಿಂದ 4 ಯೂನಿಟ್ ಕರೆಂಟ್ ಬೇಕು. ಪೊರೆ ಕಟ್ಟಿಕೊಂಡರೆ ಒತ್ತಡ ಏರುತ್ತದೆ, ಬಿಲ್ಲೂ ಏರುತ್ತದೆ, ನಮ್ಮ ದಿನದ ತಲೆಬಿಸಿ ಇಷ್ಟೇ. ಉಳಿಯುವ ಕಡು ಉಪ್ಪುನೀರನ್ನು ಎಲ್ಲಿ ಬಿಡುವುದು ಅನ್ನುವುದು ಬೇರೆ ಗೋಳು. ಸಮುದ್ರ ದೂರವಿದ್ದರೆ ಕೊಳ ಮಾಡಿ ಬಿಸಿಲಿಗೆ ಒಣಗಿಸುವುದುಂಟು. ಬಳಸಿದ ನೀರಿನ ಶುದ್ಧೀಕರಣವನ್ನೂ ಕಲಿಯಿರಿ. ನಮೀಬಿಯಾದ ವಿಂಡ್‌ಹುಕ್ ನಗರ 1968ರಲ್ಲೇ ಅದನ್ನು ಕುಡಿಯುವ ನೀರಿಗೆ ಸೇರಿಸಿಕೊಂಡಿತು.

ನೀರು ಹಂಚಿಕೆ ಕೆಲಸ:
ಇಬ್ಬರೂ ಯಂತ್ರದ ಬಗ್ಗೆಯೇ ಹೇಳಿದ್ದೀರಿ. ನನ್ನ ದಿನದಲ್ಲಿ ಅರ್ಧ ಹೋಗುವುದು ರೈತರಿಗೆ ‘ಈ ಸಲ ಕಡಿಮೆ’ ಅಂತ ಹೇಳುವುದರಲ್ಲಿ, ಬೈಸಿಕೊಳ್ಳುವುದರಲ್ಲಿ. ಅಮೆರಿಕದ ಕೊಲೊರಾಡೊ ನದಿಯನ್ನು 7 ರಾಜ್ಯಗಳು 1922ರಲ್ಲಿ ಹಂಚಿಕೊಂಡಾಗ ಲೆಕ್ಕಕ್ಕೆ ಹಿಡಿದದ್ದು ಒಳ್ಳೆ ನೀರಿದ್ದ ವರ್ಷಗಳನ್ನು. ಕಾಗದದಲ್ಲಿ ನದಿಗಿಂತ ಜಾಸ್ತಿ ನೀರು ಹಂಚಿಹೋಯಿತು, ಜಗಳ ಇನ್ನೂ ಮುಗಿದಿಲ್ಲ. ಒಮಾನ್‌ನ ಹಳೆಯ ಫಲಜ್ ಕಾಲುವೆಗಳಲ್ಲಿ ನೀರನ್ನು ಹೊತ್ತಿನ ಲೆಕ್ಕದಲ್ಲಿ ಹಂಚುತ್ತಾರೆ. ಹಗಲು ನೆರಳು ನೋಡಿ, ರಾತ್ರಿ ನಕ್ಷತ್ರ ನೋಡಿ ಪಾಳಿ ಬದಲಿಸುತ್ತಿದ್ದರು. ನನಗೆ ಅದು ಬುದ್ಧಿವಂತಿಕೆ ಅನಿಸುತ್ತದೆ, ಹರಿವು ಇಳಿದರೆ ಎಲ್ಲರ ಪಾಲೂ ತಾನಾಗೇ ಇಳಿಯುತ್ತದಲ್ಲ. ಹಾಗಾಗಿ ನೀರಿನ ಕಾನೂನು ಓದಿ, ಹೋಗುವ ಕಡೆಯ ಭಾಷೆ ಮಾತಾಡುವಷ್ಟಾದರೂ ಕಲಿಯಿರಿ.

ಪ್ರಶ್ನೆ ಕೇಳಿದವರು: ಮೂರೂ ಕಲಿಯೋಕೆ ಆಗಲ್ಲ! ಎಲ್ಲಿಂದ ಶುರು ಮಾಡಲಿ?

ಅಂತರ್ಜಲ ವಿಭಾಗ:
ಜಿಐಎಸ್ (ಕಂಪ್ಯೂಟರಿನಲ್ಲಿ ನಕ್ಷೆಯ ಮೇಲೆ ಮಾಹಿತಿ ಜೋಡಿಸಿ ನೋಡುವುದು), ಒಂದಿಷ್ಟು ಸ್ಟ್ಯಾಟಿಸ್ಟಿಕ್ಸ್, ಆಮೇಲೆ ಒಂದು ಬೇಸಿಗೆ ಫೀಲ್ಡ್‌ನಲ್ಲಿ. ಬಿಸಿಲು ತಡೆಯುತ್ತೀರಾ ಇಲ್ವಾ ಅಂತ ಅಲ್ಲೇ ಗೊತ್ತಾಗುತ್ತದೆ. ಸಂದರ್ಶನದಲ್ಲಿ ನೀವೂ ಒಂದು ಪ್ರಶ್ನೆ ಕೇಳಿ, ಬಾವಿಗಳಿಗೆ ಮೀಟರ್ ಇದೆಯಾ ಅಂತ. ಇಲ್ಲ ಅಂದರೆ ನಿಮ್ಮ ಮೊದಲ ಮೂರು ವರ್ಷ ಮೀಟರ್ ಹಾಕಿಸುವುದರಲ್ಲೇ ಹೋಗುತ್ತದೆ.