ಪಿಯುಸಿ ಆದ ಮಗಳನ್ನು ಹಾಸನದಲ್ಲೇ ಓದಿಸಲಾ, ಬೆಂಗಳೂರಿಗೆ ಕಳಿಸಲಾ? ಅನುಭವ ಇದ್ದವರು ಹೇಳಿ

ಕೇಳಿದವರು: ಬೇಲೂರು ಕಡೆಯ ಒಬ್ಬ ತಂದೆ

ಎಲ್ಲರಿಗೂ ನಮಸ್ಕಾರ. ಮಗಳು ಸೆಕೆಂಡ್ ಪಿಯುಸಿ ಮುಗಿಸಿದ್ದಾಳೆ, ಪಿಸಿಎಂಸಿ, ಫಸ್ಟ್ ಕ್ಲಾಸ್. ಇಂಜಿನಿಯರಿಂಗ್ ಬೇಡ, ಆದರೆ ಕಂಪ್ಯೂಟರ್ ಓದಬೇಕು ಅನ್ನುತ್ತಾಳೆ. ಹಾಸನದ ಸರ್ಕಾರಿ ಕಾಲೇಜಲ್ಲಿ ಬಿಎಸ್ಸಿ ಇದೆ, ಅಲ್ಲೇ ಒಂದು ಖಾಸಗಿ ಕಾಲೇಜಲ್ಲಿ ಬಿಸಿಎ ಇದೆ. ಇವೆರಡರ ನಡುವೆ ಬೆಂಗಳೂರಿನ ಒಂದು ಖಾಸಗಿ ವಿಶ್ವವಿದ್ಯಾಲಯದವರು ದಿನಾ ಫೋನ್ ಮಾಡುತ್ತಿದ್ದಾರೆ. ಬಿಸಿಎ ಜೊತೆಗೆ ಎಐ, ಡೇಟಾ ಸೈನ್ಸ್ ಅಂತೆ. ಈ ವಾರವೇ ಕಟ್ಟಿದರೆ ಸ್ಕಾಲರ್‌ಶಿಪ್ ಅಂತೆ. ನಮ್ಮದು ಒಂದೂವರೆ ಎಕರೆ ಕಾಫಿ, ಸ್ವಲ್ಪ ಮೆಣಸು, ಗುತ್ತಿಗೆ ಜಮೀನಲ್ಲಿ ಶುಂಠಿ. ಇನ್ನೊಂದು ಭಯ: ಹಾಸನ ವಿಶ್ವವಿದ್ಯಾಲಯ ಮುಚ್ಚುತ್ತಾರೆ ಅಂತ ಪೇಪರಲ್ಲಿ ಓದಿದ್ದೆ. ಅಲ್ಲಿ ಓದಿದರೆ ಸರ್ಟಿಫಿಕೇಟ್‌ಗೆ ಬೆಲೆ ಇರುತ್ತಾ?

ಹಾಸನ, ಸರ್ಕಾರಿ ಕಾಲೇಜಿನ ಅತಿಥಿ ಉಪನ್ಯಾಸಕಿ

ಸರ್, ಮೊದಲು ಕೊನೆಯ ಪ್ರಶ್ನೆಗೆ ಬರುತ್ತೇನೆ. ಯಾಕೆಂದರೆ ಅದನ್ನು ನಮ್ಮ ಕಾಲೇಜಿಗೆ ಬರುವ ಪ್ರತಿಯೊಬ್ಬ ಪೋಷಕರೂ ಕೇಳುತ್ತಾರೆ.

ಹಾಸನದ ಹೇಮಗಂಗೋತ್ರಿ ಮೊದಲು ಮೈಸೂರು ವಿಶ್ವವಿದ್ಯಾಲಯದ ಸ್ನಾತಕೋತ್ತರ ಕೇಂದ್ರ ಆಗಿತ್ತು, ನಿಮಗೂ ಗೊತ್ತಿರುತ್ತದೆ. ಅದೇ ಜಾಗದಲ್ಲಿ 2023ರಲ್ಲಿ ಹಾಸನ ವಿಶ್ವವಿದ್ಯಾಲಯ ಶುರುವಾಯಿತು. ಅದರ ಜೊತೆಗೆ ಕೊಡಗು, ಚಾಮರಾಜನಗರ, ಹಾವೇರಿ, ಕೊಪ್ಪಳ, ಬಾಗಲಕೋಟೆ, ಬೀದರ್. ಜಿಲ್ಲೆಗೊಂದು ವಿಶ್ವವಿದ್ಯಾಲಯ ಅಂತ ಬೋರ್ಡು ಬಂತು, ದುಡ್ಡು ಮಾತ್ರ ಬರಲಿಲ್ಲ. 2025ರ ಫೆಬ್ರವರಿಯಲ್ಲಿ ಸಚಿವ ಸಂಪುಟದ ಉಪಸಮಿತಿ ಇವೂ ಸೇರಿದ ಹತ್ತು ಹೊಸ ವಿಶ್ವವಿದ್ಯಾಲಯಗಳಲ್ಲಿ ಬೀದರ್ ಒಂದನ್ನು ಬಿಟ್ಟು ಉಳಿದ ಒಂಬತ್ತನ್ನು ಮುಚ್ಚುವ ಮಾತಾಡಿತು. ಅನುದಾನ ಇಲ್ಲ, ಜಾಗ ಇಲ್ಲ ಅನ್ನುವುದೇ ಕಾರಣ. ವಿರೋಧವೂ ಬಂತು. ಆದರೆ ನೀವು ಇದಕ್ಕೆ ಹೆದರಬೇಡಿ. ಕಾನೂನಿನ ಪ್ರಕಾರ ಹುಟ್ಟಿದ ವಿಶ್ವವಿದ್ಯಾಲಯ ಕೊಟ್ಟ ಡಿಗ್ರಿ, ಅದು ನಾಳೆ ಇನ್ನೊಂದರಲ್ಲಿ ವಿಲೀನ ಆದರೂ ಡಿಗ್ರಿಯೇ.

ಹೆದರಬೇಕಾದ್ದು ಬೇರೆ. ವಿಶ್ವವಿದ್ಯಾಲಯ ತನ್ನ ಖರ್ಚು ತಾನೇ ದುಡಿದುಕೊಳ್ಳಬೇಕು ಅನ್ನುವ ಲೆಕ್ಕ ಈಗ ಎಲ್ಲ ಕಡೆ ಬಂದುಬಿಟ್ಟಿದೆ. ದುಡಿಯುವುದು ಹೇಗೆ? ಕಾಲೇಜುಗಳಿಂದ ಸಂಯೋಜನೆ ಶುಲ್ಕ, ಮಕ್ಕಳಿಂದ ಪರೀಕ್ಷಾ ಶುಲ್ಕ. ಹಾಸನ, ಮಂಡ್ಯ, ಚಾಮರಾಜನಗರದ ಕಾಲೇಜುಗಳು ಕೈತಪ್ಪಿದ ಮೇಲೆ ಮೈಸೂರು ವಿಶ್ವವಿದ್ಯಾಲಯದ ಆದಾಯಕ್ಕೂ ಪೆಟ್ಟು ಬಿತ್ತು, ಅಲ್ಲಿ ಪಿಂಚಣಿ ಕೊಡೋದಕ್ಕೂ ಕಷ್ಟ ಅಂತ ಸುದ್ದಿಯಾಯಿತು. ಇದು ಇವತ್ತಿನ ಯೋಚನೆಯೇನಲ್ಲ. 2000ನೇ ಇಸವಿಯಲ್ಲೇ ಮುಕೇಶ್ ಅಂಬಾನಿ ಮತ್ತು ಕುಮಾರಮಂಗಲಂ ಬಿರ್ಲಾ ಪ್ರಧಾನಿಯವರ ವ್ಯಾಪಾರ ಮಂಡಳಿಗೆ ಒಂದು ವರದಿ ಕೊಟ್ಟಿದ್ದರು. ಉನ್ನತ ಶಿಕ್ಷಣದ ಖರ್ಚನ್ನು ಓದುವವರೇ ಕೊಡಲಿ, ಕೈಲಾಗದವರಿಗೆ ಸಾಲ ಸಿಗಲಿ, ಖಾಸಗಿ ವಿಶ್ವವಿದ್ಯಾಲಯಗಳು ಬರಲಿ ಅನ್ನುವ ದಾರಿ ಅದು. 2017ರಲ್ಲಿ ಉನ್ನತ ಶಿಕ್ಷಣಕ್ಕೆ ಸಾಲ ಕೊಡುವ ಹೆಫಾ ಅನ್ನೋ ಸಂಸ್ಥೆ ಬಂತು, ನಮ್ಮ ಕೆನರಾ ಬ್ಯಾಂಕೇ ಅದರ ಪಾಲುದಾರ. ಕೇಂದ್ರದ ಸಂಸ್ಥೆಗಳಿಗೆ ಕಟ್ಟಡಕ್ಕೆ, ಲ್ಯಾಬಿಗೆ ಅನುದಾನದ ಬದಲು ಸಾಲ. ಸಾಲ ತೀರಿಸುವುದು ಯಾರು? ಸುತ್ತಿ ಬಳಸಿ ಅದು ಫೀಸಿನ ರಸೀದಿಗೇ ಬರುತ್ತದೆ, ಅಲ್ವಾ?

ನಮ್ಮಂಥವರ ಕಥೆ ಇದಕ್ಕೇ ಅಂಟಿಕೊಂಡಿದೆ. ಕಾಯಂ ನೇಮಕ ಅಂದರೆ ಖರ್ಚು. ಹಾಗಾಗಿ ರಾಜ್ಯದ ಸರ್ಕಾರಿ ಪದವಿ ಕಾಲೇಜುಗಳನ್ನು ಹತ್ತು ಸಾವಿರಕ್ಕೂ ಹೆಚ್ಚು ಅತಿಥಿ ಉಪನ್ಯಾಸಕರು ಎಳೆಯುತ್ತಿದ್ದಾರೆ. ಸಂಬಳ ಅನ್ನಲ್ಲ, ಗೌರವಧನ ಅನ್ನುತ್ತಾರೆ. 2022ರ ತನಕ ಅದು 11ರಿಂದ 13 ಸಾವಿರ. ಆಮೇಲೆ ಜಾಸ್ತಿ ಆಯಿತು ನಿಜ, ಆದರೂ ಪ್ರತಿ ವರ್ಷ ಹೊಸದಾಗಿ ಅರ್ಜಿ ಹಾಕಿ, ಕೌನ್ಸೆಲಿಂಗ್‌ಗೆ ಕಾದು ಕೂರಬೇಕು. ಅಷ್ಟೊತ್ತಿಗೆ ಸೆಮಿಸ್ಟರ್ ಶುರುವಾಗಿ ಎಷ್ಟೋ ವಾರ ಆಗಿರುತ್ತದೆ. 2023ರ ಕೊನೆಯಲ್ಲಿ ಮುಷ್ಕರ ಮಾಡಿದಾಗ ಕೆಲವು ವಿಷಯಗಳಿಗೆ ಮೇಷ್ಟ್ರೇ ಇರಲಿಲ್ಲ. ಮಕ್ಕಳು ಬಂದು ಕಾರಿಡಾರಲ್ಲಿ ಕೂತು ಹೋಗುತ್ತಿದ್ದರು, ನಾವು ಗೇಟಿನ ಹೊರಗೆ.

ಇದರ ಮೇಲೆ ಸಿಲೆಬಸ್ ಗೋಳು ಬೇರೆ. 2021ರಲ್ಲಿ ರಾಷ್ಟ್ರೀಯ ಶಿಕ್ಷಣ ನೀತಿ (ಎನ್‌ಇಪಿ), ನಾಲ್ಕು ವರ್ಷದ ಆನರ್ಸ್. 2024ರಲ್ಲಿ ಮತ್ತೆ ಮೂರು ವರ್ಷ. ಒಂದೇ ಸ್ಟಾಫ್ ರೂಮಲ್ಲಿ ಒಂದು ಬ್ಯಾಚಿಗೆ ಹೊಸದು, ಇನ್ನೊಂದಕ್ಕೆ ಹಳೇದು. ನಿಮ್ಮ ಮಗಳಿಗೆ ಮೂರು ವರ್ಷದ್ದೇ ಬರುತ್ತದೆ, ಆ ಗೊಂದಲ ಇಲ್ಲ.

ನನ್ನ ಸಲಹೆ: ಯಾವ ಕಾಲೇಜಿಗೆ ಹೋದರೂ ಕಟ್ಟಡ ನೋಡಬೇಡಿ, ನೇರವಾಗಿ ಕಂಪ್ಯೂಟರ್ ಸೈನ್ಸ್ ವಿಭಾಗಕ್ಕೆ ಹೋಗಿ. ಕಾಯಂ ಮೇಷ್ಟ್ರು ಎಷ್ಟು ಜನ, ಹೋದ ವರ್ಷ ಇದ್ದವರು ಈ ವರ್ಷ ಇದ್ದಾರಾ, ಲ್ಯಾಬಲ್ಲಿ ಒಂದು ಕಂಪ್ಯೂಟರ್‌ಗೆ ಎಷ್ಟು ಮಕ್ಕಳು ಅಂತ ಕೇಳಿ. ಖಾಸಗಿಯಲ್ಲೂ ಇದನ್ನೇ ಕೇಳಿ. ಅಲ್ಲಿ ನನ್ನ ಗೆಳತಿಯರಿದ್ದಾರೆ, ನಮಗಿಂತ ಕಷ್ಟ ಅವರದು. ಮೇ ತಿಂಗಳು ಬಂದರೆ ಬ್ಯಾಗಲ್ಲಿ ಬ್ರೋಷರ್ ತುಂಬಿಕೊಂಡು ಪಿಯು ಕಾಲೇಜಿನ ಗೇಟ್ ಮುಂದೆ ನಿಲ್ಲಬೇಕು. ತಲೆಗೆ ಇಷ್ಟು ಅಡ್ಮಿಷನ್ ಅಂತ ಟಾರ್ಗೆಟ್. ಡೇಟಾ ಸ್ಟ್ರಕ್ಚರ್ ಪಾಠ ಮಾಡಬೇಕಾದವಳು ಸಂಜೆ ಎಂಟರ ತನಕ ಪೋಷಕರ ನಂಬರ್ ಒತ್ತುತ್ತಾ ಕೂತಿರುತ್ತಾಳೆ. ನಿಮಗೆ ದಿನಾ ಬರುವ ಫೋನ್ ಕೂಡ ಯಾರೋ ಅಂಥವರದೇ ಇರಬಹುದು, ಬೈಯಬೇಡಿ ಪಾಪ.

ಅರಸೀಕೆರೆಯವನು, ಈಗ ಬೆಂಗಳೂರಲ್ಲಿ ಸಾಫ್ಟ್‌ವೇರ್

ಮೇಡಂ ಹೇಳಿದ್ದು ಸರಿ, ಆದರೆ ಸರ್ಕಾರಿ ಅಂದ ತಕ್ಷಣ ಒಳ್ಳೆಯದು ಅಂತಲೂ ಅಂದುಕೊಳ್ಳಬೇಡಿ. ನಾನು ಸರ್ಕಾರಿಯಲ್ಲೇ ಓದಿದವನು. ಲ್ಯಾಬಲ್ಲಿ ಅರ್ಧ ಸಿಸ್ಟಮ್ ಆನ್ ಆಗುತ್ತಿರಲಿಲ್ಲ. ಕೋಡಿಂಗ್ ಕಲಿತಿದ್ದು ರೂಮಲ್ಲಿ, ಸೀನಿಯರ್ ಒಬ್ಬರ ಹಳೇ ಲ್ಯಾಪ್‌ಟಾಪಲ್ಲಿ.

ಒಂದು ಕೆಲಸ ಮಾಡಿ ಅಣ್ಣ. ಆ ಬೆಂಗಳೂರಿನವರ ಎಐ ಬಿಸಿಎ ಸಿಲೆಬಸ್ ಮತ್ತು ಸಾದಾ ಬಿಸಿಎ ಸಿಲೆಬಸ್ ಎರಡನ್ನೂ ಪಕ್ಕಪಕ್ಕ ಇಟ್ಟು ಮಗಳ ಕೈಲೇ ಟಿಕ್ ಹಾಕಿಸಿ. ನಾನು ನನ್ನ ಚಿಕ್ಕಪ್ಪನ ಮಗನಿಗೆ ಹೀಗೇ ಮಾಡಿಸಿದೆ. ಸಿ, ಡಿಬಿಎಂಎಸ್, ಓಎಸ್, ಜಾವಾ ಎಲ್ಲ ಅದೇ. ಕೊನೆಯ ವರ್ಷದ ನಾಲ್ಕೈದು ಪೇಪರಿನ ಹೆಸರು ಬೇರೆ, ಫೀಸು ಮೂರು ಪಟ್ಟು. ಮತ್ತೆ 2024-25ರಿಂದ ಬಿಸಿಎ, ಬಿಬಿಎ ಕೂಡ ತಾಂತ್ರಿಕ ಶಿಕ್ಷಣ ನೋಡಿಕೊಳ್ಳುವ ಕೇಂದ್ರದ ಮಂಡಳಿ ಎಐಸಿಟಿಇ ಕೆಳಗೆ ಬಂದಿವೆ. ಅನುಮೋದನೆ ಇದೆಯಾ ಅಂತ ಎಐಸಿಟಿಇ ವೆಬ್‌ಸೈಟಲ್ಲೇ ನೋಡಿ, ಬ್ರೋಷರಲ್ಲಿ ನೋಡಬೇಡಿ.

ಅದೇ ವರ್ಷದಿಂದ ಚೆನ್ನಾಗಿ ನಡೆಯುವ ಇಂಜಿನಿಯರಿಂಗ್ ಕಾಲೇಜುಗಳಿಗೆ ಸೀಟಿನ ಮಿತಿಯನ್ನೂ ತೆಗೆದರು. ಬೆಂಗಳೂರಿನ ದೊಡ್ಡ ಕಾಲೇಜುಗಳು ಕಂಪ್ಯೂಟರ್ ಸೈನ್ಸ್ ಸೆಕ್ಷನ್ ಮೇಲೆ ಸೆಕ್ಷನ್ ಏರಿಸಿದವು. ನಮ್ಮ ಕಡೆ ಸಿವಿಲ್, ಮೆಕ್ಯಾನಿಕಲ್ ಕೇಳುವವರಿಲ್ಲ. 1960ರಲ್ಲಿ ಮಲೆನಾಡು ಇಂಜಿನಿಯರಿಂಗ್ ಕಾಲೇಜು ಹಾಸನಕ್ಕೆ ಬಂದಾಗ ಸೇತುವೆ ಕಟ್ಟುವವರು ಬೇಕಿತ್ತು, ಈಗ ಎಲ್ಲರಿಗೂ ಒಂದೇ ಬ್ರಾಂಚ್. ಈ ಗದ್ದಲ ಇನ್ನು ನಾಲ್ಕು ವರ್ಷಕ್ಕೆ ಇಳಿದರೆ ಆ ಸೆಕ್ಷನ್‌ಗಳನ್ನೆಲ್ಲ ಏನು ಮಾಡುತ್ತಾರೋ.

ಹಾಂ, ಖಾಸಗಿಯಲ್ಲಿ ಓದಿ ಚೆನ್ನಾಗಿರುವವರೂ ನಮ್ಮ ಟೀಮಲ್ಲೇ ಇದ್ದಾರೆ. ಅವರ ಇಂಗ್ಲಿಷ್, ಸಂದರ್ಶನದ ಧೈರ್ಯ ನಮಗಿಂತ ಮೇಲು. ಅದನ್ನು ಸುಮ್ನೆ ಅಲ್ಲಗಳೆಯೋಕೆ ಆಗಲ್ಲ.

ಸಕಲೇಶಪುರ

ಹೆಣ್ಣುಮಗಳು ಅಲ್ವಾ, ಶಕ್ತಿ ಯೋಜನೆ ಇದೆ, ಬೇಲೂರಿಂದ ಹಾಸನಕ್ಕೆ ಬಸ್ಸಿಗೆ ಕಾಸಿಲ್ಲ. ಅಷ್ಟು ಉಳಿತು.

ಬೇಲೂರು

ಕಾಸಿಲ್ಲ ಸರಿ, ಬೆಳಗ್ಗೆ ಏಳೂವರೆ ಬಸ್ಸಲ್ಲಿ ನಿಲ್ಲೋಕೆ ಜಾಗವೂ ಇಲ್ಲ. ಹಿಂದುಳಿದ ವರ್ಗಗಳ ಇಲಾಖೆಯ ಬಿಸಿಎಂ ಹಾಸ್ಟೆಲ್‌ಗೆ ಈಗಲೇ ಅರ್ಜಿ ವಿಚಾರಿಸಿ.

ಚಿಕ್ಕಮಗಳೂರು, ಒಬ್ಬ ತಾಯಿ

ಅಣ್ಣ, ಆ 'ಈ ವಾರವೇ' ಅನ್ನೋದನ್ನ ನಂಬಬೇಡಿ. ಹಬ್ಬಕ್ಕೆ ಬಟ್ಟೆ ಅಂಗಡಿಯವರು ದರ ಏರಿಸಿ ಡಿಸ್ಕೌಂಟ್ ಹಾಕಿದ ಹಾಗೆ. ನನ್ನ ಮಗನಿಗೂ ಹೀಗೇ ಸ್ಕಾಲರ್‌ಶಿಪ್ ಅಂದರು, ಬೆಂಗಳೂರಿನ ಒಂದು ಕಡೆ. ರಸೀದಿ ಕೈಗೆ ಬಂದಾಗ ನೋಡಿದರೆ ಟ್ಯೂಷನ್ ಫೀಸ್ ಕಡಿಮೆ ಮಾಡಿದ್ದು ನಿಜ. ಅದರ ಕೆಳಗೆ ಸ್ಕಿಲ್ ಫೀಸ್, ಪ್ಲೇಸ್‌ಮೆಂಟ್ ಟ್ರೇನಿಂಗ್ ಫೀಸ್, ಇಂಡಸ್ಟ್ರಿ ಸರ್ಟಿಫಿಕೇಟ್ ಫೀಸ್, ಲ್ಯಾಪ್‌ಟಾಪ್ ಫೀಸ್. ಎಲ್ಲ ಸೇರಿಸಿದರೆ ಮೊದಲು ಹೇಳಿದ್ದಕ್ಕಿಂತ ಜಾಸ್ತಿ. ಆ ಇಂಡಸ್ಟ್ರಿಯವರ ಪಾಠ ಅಂದರೆ ರೆಕಾರ್ಡ್ ಮಾಡಿಟ್ಟ ವಿಡಿಯೋ. ಹುಡುಗ ಹಾಸ್ಟೆಲ್ ಮಂಚದ ಮೇಲೆ ಕೂತು ಮೊಬೈಲಲ್ಲಿ ನೋಡುತ್ತಿದ್ದ. ಅದಕ್ಕೆ ಬೆಂಗಳೂರು ಯಾಕೆ ಬೇಕಿತ್ತು, ನಮ್ಮನೆ ಜಗಲಿ ಸಾಕಿತ್ತು.

ಬಿಟ್ಟು ಬರುತ್ತೇನೆ ಅಂದಾಗ ಇನ್ನೊಂದು ತಮಾಷೆ. ಒರಿಜಿನಲ್ ಮಾರ್ಕ್ಸ್ ಕಾರ್ಡ್ ಅವರ ಹತ್ತಿರ. ಉಳಿದ ವರ್ಷಗಳ ಫೀಸೂ ಕಟ್ಟಿ ತಗೊಂಡು ಹೋಗಿ ಅಂದರು. ಆಗ ನಮ್ಮ ಪಕ್ಕದ ಮನೆ ಮೇಷ್ಟ್ರು ವಿಶ್ವವಿದ್ಯಾಲಯಗಳನ್ನು ನೋಡಿಕೊಳ್ಳುವ ಕೇಂದ್ರದ ಆಯೋಗ ಯುಜಿಸಿಯ 2018ರ ಅಧಿಸೂಚನೆ ತೆಗೆದುಕೊಟ್ಟರು. ಅದರ ಪ್ರಕಾರ ಒರಿಜಿನಲ್ ಇಟ್ಟುಕೊಳ್ಳುವ ಹಾಗೇ ಇಲ್ಲ, ನೋಡಿ ವಾಪಸ್ ಕೊಡಬೇಕು. ಫೀಸಿಗೂ ಲೆಕ್ಕ ಇದೆ. ಅಡ್ಮಿಷನ್ನಿನ ಕೊನೇ ದಿನಕ್ಕೆ ಹದಿನೈದು ದಿನ ಮೊದಲೇ ಬಿಟ್ಟರೆ ಪೂರ್ತಿ, ಆ ಹದಿನೈದು ದಿನದೊಳಗೆ ಆದರೆ ನೂರಕ್ಕೆ 90, ಕೊನೇ ದಿನ ಕಳೆದು ಹದಿನೈದು ದಿನದ ತನಕ 80, ತಿಂಗಳ ತನಕ 50, ಆಮೇಲೆ ಏನೂ ಇಲ್ಲ. ಅದನ್ನು ಪ್ರಿಂಟ್ ತೆಗೆದು ಮೇಲ್ ಮಾಡಿದೆವು, ಯುಜಿಸಿಯ ಇ-ಸಮಾಧಾನ್ ಪೋರ್ಟಲಲ್ಲೂ ದೂರು ಹಾಕಿದೆವು. ಮಾರ್ಕ್ಸ್ ಕಾರ್ಡ್ ಬಂತು, ಅರ್ಧ ದುಡ್ಡು ಬಂತು. ಲ್ಯಾಪ್‌ಟಾಪ್ ಫೀಸ್ ಮಾತ್ರ ಬರಲಿಲ್ಲ, ಲ್ಯಾಪ್‌ಟಾಪೂ ಬಂದಿರಲಿಲ್ಲ!

ಈಗ ಅವನು ಊರಲ್ಲೇ ಬಿಕಾಂ, ಕುವೆಂಪು ವಿಶ್ವವಿದ್ಯಾಲಯದ್ದು. ಆರಾಮಾಗಿದ್ದಾನೆ.

ಚಿಕ್ಕಮಗಳೂರು, ನಿವೃತ್ತ ಬ್ಯಾಂಕ್ ಅಧಿಕಾರಿ

ಅಮ್ಮ ಹೇಳಿದ ಹಾಗೆ ಹೊರಗಿನವರನ್ನು ಪಾರ್ಟ್‌ನರ್ ಮಾಡಿಕೊಂಡು ಪಾಠ ನಡೆಸುವ ವ್ಯವಹಾರ ಹೊಸದಲ್ಲ. ಕರ್ನಾಟಕ ರಾಜ್ಯ ಮುಕ್ತ ವಿಶ್ವವಿದ್ಯಾಲಯ ಹೊರರಾಜ್ಯಗಳ ಖಾಸಗಿ ಕೇಂದ್ರಗಳ ಜೊತೆ ಸೇರಿ ಕೋರ್ಸ್ ನಡೆಸಿದ್ದಕ್ಕೆ 2015ರಲ್ಲಿ ಯುಜಿಸಿ ಮಾನ್ಯತೆ ಇಲ್ಲ ಅಂದಿತ್ತು. 2018ರಲ್ಲಿ ಮಾನ್ಯತೆ ಮರಳಿತು. ನಡುವೆ ಸಿಕ್ಕಿಕೊಂಡ ಮಕ್ಕಳು ನಮ್ಮ ಬ್ಯಾಂಕಿಗೂ ಸಾಲಗಾರರು.

ಡೊನೇಷನ್ ವಿರುದ್ಧ ನಮ್ಮಲ್ಲಿ 1984ರಿಂದಲೇ ಕಾನೂನಿದೆ. 1992ರ ಮೋಹಿನಿ ಜೈನ್ ಪ್ರಕರಣ ನಮ್ಮ ರಾಜ್ಯದ್ದೇ. ಸರ್ಕಾರಿ ಸೀಟಿಗೆ ವರ್ಷಕ್ಕೆ 2,000, ಹೊರರಾಜ್ಯದವರಿಗೆ 60,000 ಅಂತ ಮೆಡಿಕಲ್ ಫೀಸು ಇದ್ದದ್ದನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಹತ್ತು ವರ್ಷ ಆದ ಮೇಲೆ ಟಿ.ಎಂ.ಎ. ಪೈ ಪ್ರಕರಣದಲ್ಲಿ ಅನುದಾನರಹಿತ ಕಾಲೇಜುಗಳು ತಮ್ಮ ಫೀಸು ತಾವೇ ನಿರ್ಧರಿಸಬಹುದು, ಲಾಭಕೋರತನ ಮತ್ತು ಕ್ಯಾಪಿಟೇಷನ್ (ಸೀಟಿಗೆ ಡೊನೇಷನ್) ಕೂಡದು ಅಂದಿತು. ಆ ಗೆರೆ ಎಲ್ಲಿದೆ ಅಂತ ಹುಡುಕುತ್ತಾ ಪೋಷಕರು ಬ್ಯಾಂಕಿಗೆ ಬರುತ್ತಾರೆ.

ಇವರೇ, ನಿಮಗೆ ಹೇಳುವುದಿಷ್ಟು. ದಯವಿಟ್ಟು ಬೆಳೆಸಾಲ, ಚಿನ್ನದ ಸಾಲ ತೆಗೆದು ಫೀಸು ಕಟ್ಟಬೇಡಿ. ಶುಂಠಿ ರೇಟು ಬಿದ್ದರೆ ಎರಡೂ ಕಡೆ ಸಿಕ್ಕಿಕೊಳ್ಳುತ್ತೀರಿ, ನಾನು ಕೌಂಟರಲ್ಲಿ ಕೂತು ನೋಡಿದ್ದೇನೆ. ಬೇಕೇ ಬೇಕಾದರೆ ಶಿಕ್ಷಣ ಸಾಲವನ್ನೇ ಕೇಳಿ. 4 ಲಕ್ಷದವರೆಗೆ ಆಸ್ತಿ ಅಡವಿಲ್ಲ, ಓದು ಮುಗಿದು ಒಂದು ವರ್ಷದ ತನಕ ಕಂತೂ ಇಲ್ಲ. ಆದರೆ ಬಡ್ಡಿ ಮಾತ್ರ ಮೊದಲ ದಿನದಿಂದಲೇ ಓಡುತ್ತಿರುತ್ತದೆ, ಇದನ್ನು ಏಜೆಂಟರು ಹೇಳುವುದಿಲ್ಲ. ಬಡ್ಡಿ ಸಬ್ಸಿಡಿಗೆ ಆದಾಯದ ಮಿತಿ ಇದೆ, ಕೋರ್ಸಿನ ಮತ್ತು ಕಾಲೇಜಿನ ಮಾನ್ಯತೆಯ ಷರತ್ತೂ ಇದೆ. ಸೇರುವ ಮೊದಲೇ ಶಾಖೆಯಲ್ಲಿ ಬಾಯಿಮಾತಲ್ಲಿ ಅಲ್ಲ, ಬರಹದಲ್ಲಿ ಕೇಳಿ.

ಹೊಳೆನರಸೀಪುರ

ಕಾಲೇಜುಗಳಿಗೆ ಗ್ರೇಡ್ ಕೊಡುವ ನ್ಯಾಕ್‌ನಿಂದ ಎ ಪ್ಲಸ್ ಇದ್ದರೆ ಕಣ್ಣು ಮುಚ್ಚಿ ಸೇರಿಸಬಹುದು ಅಲ್ವಾ?

ಅರಸೀಕೆರೆಯವನು

ಕಣ್ಣು ತೆರೆದೇ ಸೇರಿಸಿ ಗುರು. 2025ರ ಫೆಬ್ರವರಿಯಲ್ಲಿ ಆಂಧ್ರದ ಒಂದು ವಿಶ್ವವಿದ್ಯಾಲಯಕ್ಕೆ ಒಳ್ಳೆ ಗ್ರೇಡ್ ಕೊಡಿಸೋ ಲಂಚದ ಆರೋಪದಲ್ಲಿ ಪರಿಶೀಲನಾ ತಂಡದವರನ್ನೇ ಸಿಬಿಐ ಬಂಧಿಸಿತ್ತು. ಗ್ರೇಡ್ ಒಂದನ್ನೇ ನಂಬಿ ಕೂರಬೇಡಿ ಅಷ್ಟೆ.

ಕೇಳಿದ ತಂದೆ

ಎಲ್ಲರಿಗೂ ಧನ್ಯವಾದ. ನಿನ್ನೆ ಹಾಸನಕ್ಕೆ ಹೋಗಿದ್ದೆವು. ಮೇಡಂ ಹೇಳಿದ ಹಾಗೆ ಎರಡೂ ಕಡೆ ವಿಭಾಗಕ್ಕೇ ಹೋಗಿ ಕೇಳಿದೆ. ಖಾಸಗಿಯಲ್ಲಿ ಲ್ಯಾಬ್ ಚೆನ್ನಾಗಿದೆ, ಮೇಷ್ಟ್ರು ಯಾರು ಅಂದರೆ 'ಜುಲೈಗೆ ನೇಮಕ ಆಗುತ್ತೆ' ಅಂದರು. ಸರ್ಕಾರಿಯಲ್ಲಿ ಕಾಯಂನವರು ಇಬ್ಬರು ಇದ್ದಾರೆ, ಅವರಲ್ಲಿ ಒಬ್ಬರು ಮಗಳ ಜೊತೆ ಅರ್ಧ ಗಂಟೆ ಮಾತಾಡಿದರು. ಅವಳು ಅಲ್ಲಿಗೇ ಅಂದಿದ್ದಾಳೆ. ಉಳಿಯುವ ದುಡ್ಡಲ್ಲಿ ಲ್ಯಾಪ್‌ಟಾಪ್ ಕೊಡಿಸುತ್ತೇನೆ. ಅರ್ಜಿ ಹೇಗೆ ಹಾಕುವುದು, ಏನೇನು ತರಬೇಕು?

ಅತಿಥಿ ಉಪನ್ಯಾಸಕಿ

ಅರ್ಜಿ ಯುಯುಸಿಎಂಎಸ್ ಅನ್ನೋ ರಾಜ್ಯ ಸರ್ಕಾರದ ಪೋರ್ಟಲಲ್ಲಿ ಹಾಕಬೇಕು ಸರ್. ಹಾಕುವ ಮುಂಚೆ ಆಧಾರ್ ಕಾರ್ಡಲ್ಲೂ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡಲ್ಲೂ ಹೆಸರು ಒಂದೇ ಥರ ಇದೆಯಾ ನೋಡಿ, ಇನಿಷಿಯಲ್ ಸಮೇತ. ಅಲ್ಲೇ ಜಾಸ್ತಿ ಜನ ಸಿಕ್ಕಿಕೊಳ್ಳುವುದು. ಜಾತಿ, ಆದಾಯ ಪ್ರಮಾಣಪತ್ರದ ಆರ್‌ಡಿ ನಂಬರ್ ಚಾಲ್ತಿಯಲ್ಲಿರಲಿ, ರಾಜ್ಯ ಸರ್ಕಾರದ ಎಸ್‌ಎಸ್‌ಪಿ ಸ್ಕಾಲರ್‌ಶಿಪ್‌ಗೂ ಅದೇ ಬೇಕು. ಟಿಸಿ ಒರಿಜಿನಲ್, ಉಳಿದದ್ದೆಲ್ಲ ಎರಡು ಸೆಟ್ ಜೆರಾಕ್ಸ್. ಕಾಲೇಜಿನ ಪಕ್ಕದ ಸೈಬರ್‌ನಲ್ಲಿ ಆ ದಿನಗಳಲ್ಲಿ ವಿಪರೀತ ರಶ್ ಇರುತ್ತದೆ, ಬೇಲೂರಲ್ಲೇ ಮುಗಿಸಿಕೊಂಡು ಬನ್ನಿ.