ಮಗಳಿಗೆ ಕೆಜ಼ಿಯಾ ಅಂತ ಹೆಸರಿಡುವುದಾದರೆ

ಪ್ರಶ್ನೆ (ಮೂಡಿಗೆರೆ ಮೂಲ, ಈಗ ಸ್ಟುಟ್‌ಗಾರ್ಟ್):
ಎಲ್ಲರಿಗೂ ನಮಸ್ಕಾರ. ಹೆಣ್ಣು ಮಗುವಾದರೆ ‘ಕೆಜ಼ಾಯಾ’ (Keziah) ಅಂತ ಇಡೋಣ ಅಂದುಕೊಂಡಿದ್ದೇವೆ. ಹೀಬ್ರೂ ಮೂಲದ ಹೆಸರು, ಜಾಸ್ತಿ ಜನ ಇಟ್ಟಿಲ್ಲ. ಅರ್ಥ ಹುಡುಕಿದರೆ ಒಂದು ಕಡೆ ಕಕ್ಕೆ ಹೂವು, ಇನ್ನೊಂದು ಕಡೆ ಚಕ್ಕೆ, ಮತ್ತೊಂದು ಕಡೆ ‘ಧೈರ್ಯವಂತೆ, ಕಲಾಪ್ರೇಮಿ’ ಅಂತೆಲ್ಲ ಬರೆದಿದ್ದಾರೆ. ಯಾವುದನ್ನು ನಂಬೋದು? ಹಾಸನದಲ್ಲಿರುವ ಅಜ್ಜಿ ತಾತಂದಿರ ಬಾಯಿಗೆ ಬರುತ್ತದಾ? ಕಾಗದಪತ್ರದಲ್ಲಿ ತೊಡಕಾಗುತ್ತದಾ?

ಉತ್ತರ (ಚಿಕ್ಕಮಗಳೂರು ಮೂಲ):
ಮೇಡಂ, ಚಕ್ಕೆ ಅನ್ನುವುದೇ ಸರಿ, ಕಕ್ಕೆ ಅಲ್ಲ. ಈ ಹೆಸರಿನ ಅರ್ಥ ಅಂತ ಇಂಗ್ಲಿಷಿನಲ್ಲಿ ಕೊಡುವ ‘ಕ್ಯಾಸಿಯಾ’ ಅನ್ನುವ ಒಂದೇ ಪದ ಸಂಬಂಧವೇ ಇಲ್ಲದ ಎರಡು ಮರಗಳಿಗೆ ಅಂಟಿಕೊಂಡಿರುವುದರಿಂದ ಈ ಗೊಂದಲ. ನಮ್ಮ ರಸ್ತೆಬದಿಗಳಲ್ಲಿ ಬೇಸಿಗೆ ಬಂತೆಂದರೆ ಹಳದಿ ಗೊಂಚಲು ಇಳಿಬಿಡುವ ಕಕ್ಕೆಮರ ಕ್ಯಾಸಿಯಾ ಫಿಸ್ಟುಲಾ. ಅದು ಹುಣಸೆ, ತಂಗಡಿಗಳ ಬಳಗದ್ದು. ಪಲಾವಿಗೆ ಹಾಕುವ ದಪ್ಪ ಚಕ್ಕೆ ಕೊಡುವುದು ಸಿನಮೋಮಮ್ ಕ್ಯಾಸಿಯಾ, ಅಂದರೆ ಚೀನಾ ದಾಲ್ಚಿನ್ನಿ. ಕಾಫಿ ತೋಟದಲ್ಲಿರುವ ಬಟರ್‌ಫ್ರೂಟ್ ಮರದ ಕುಟುಂಬಕ್ಕೆ ಸೇರಿದ್ದು. ಹೆಸರು ಹುಡುಕಿಕೊಡುವ ತಾಣಗಳು ಮೊದಲನೆಯ ಮರದ ಚಿತ್ರ ಹಾಕಿ ಎರಡನೆಯದರ ಅರ್ಥ ಬರೆಯುತ್ತವೆ. ಆ ಚಿತ್ರ ನೋಡಿ ಆಮಂತ್ರಣ ಪತ್ರಿಕೆಗೆ ಕಕ್ಕೆ ಹೂ ಅಚ್ಚು ಹಾಕಿಸಬೇಡಿ.

ಹೀಬ್ರೂವಿನಲ್ಲಿ ಈ ಹೆಸರಿನ ಉಚ್ಚಾರ ಹತ್ತಿರಹತ್ತಿರ ‘ಕೆತ್ಸೀಆ’, ಒತ್ತು ಕೊನೆಯ ‘ಆ’ ಮೇಲೆ. ಅದರ ಧಾತುವಿಗೆ ಕೆರೆದು ತೆಗೆಯುವುದು, ಸುಲಿಯುವುದು ಅನ್ನುವ ಅರ್ಥ. ಮರದ ಮೈಯಿಂದ ಸುಲಿದ ಪರಿಮಳದ ತೊಗಟೆ ಅಂತ ತಿಳಿಯಬೇಕು. ದಾಲ್ಚಿನ್ನಿ ಸುಲಿಯುವುದನ್ನು ಹತ್ತಿರದಿಂದ ನೋಡಿದವರಿಗೆ ಈ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಮಳೆಗಾಲದಲ್ಲಿ ತೊಗಟೆ ಸಡಿಲವಾದಾಗ ಹೆಬ್ಬೆರಳು ದಪ್ಪದ, ಎರಡು ಮೂರು ವರ್ಷದ ಚಿಗುರುಕೊಂಬೆ ಕಡಿಯುತ್ತಾರೆ. ಹೊರಗಿನ ಒರಟು ಸಿಪ್ಪೆಯನ್ನು ಬಾಗಿದ ಕತ್ತಿಯಲ್ಲಿ ಕೆರೆದು, ಹಿತ್ತಾಳೆ ಸಲಾಕೆಯಲ್ಲಿ ಉಜ್ಜಿ, ಉದ್ದಕ್ಕೆ ಸೀಳು ಹಾಕಿ ಒಳತೊಗಟೆಯನ್ನು ಬಿಡಿಸುತ್ತಾರೆ. ನೆರಳಲ್ಲಿ ಒಣಗುತ್ತಾ ಅದು ತಾನಾಗಿಯೇ ಸುರುಳಿ ಸುತ್ತಿಕೊಳ್ಳುತ್ತದೆ. ಉಜ್ಜುವುದು ಕಮ್ಮಿಯಾದರೆ ತೊಗಟೆ ಮರಕ್ಕೇ ಕಚ್ಚಿಕೊಂಡು ಚೂರುಚೂರಾಗಿ ಬರುತ್ತದೆ. ಹಳೆಯ ಗ್ರಂಥಗಳಲ್ಲಿ ಬರುವ ತೊಗಟೆ ಇಂದಿನ ಚೀನಾ ಚಕ್ಕೆಯೇ ಅನ್ನುವುದನ್ನು ಎಲ್ಲ ವಿದ್ವಾಂಸರೂ ಒಪ್ಪುವುದಿಲ್ಲ. ಆದರೆ ಸುಗಂಧದ ತೊಗಟೆ ಅನ್ನುವುದರಲ್ಲಿ ಭಿನ್ನಾಭಿಪ್ರಾಯವಿಲ್ಲ. ಬೈಬಲಿನ ಕೀರ್ತನೆ 45ರಲ್ಲಿ ರಾಜನ ಮದುವೆಯ ಉಡುಪು ರಕ್ತಬೋಳ, ಅಗರುಗಳ ಜೊತೆ ಘಮಘಮಿಸುವುದು ಇದೇ ಪದದಿಂದ.

ಇನ್ನು ಹೆಸರು ಬಂದ ಜಾಗ. ಬೈಬಲಿನ ಯೋಬನ ಗ್ರಂಥ, 42ನೇ ಅಧ್ಯಾಯ, 14ನೇ ವಚನ. ಯೋಬ ಆಸ್ತಿಯನ್ನೂ ಮಕ್ಕಳನ್ನೂ ಆರೋಗ್ಯವನ್ನೂ ಕಳೆದುಕೊಂಡು, ಕೊನೆಗೆ ಮತ್ತೆ ಬದುಕು ಕಟ್ಟಿಕೊಳ್ಳುತ್ತಾನೆ. ಆಮೇಲೆ ಏಳು ಗಂಡು, ಮೂರು ಹೆಣ್ಣು ಮಕ್ಕಳಾಗುತ್ತಾರೆ. ಗಂಡುಮಕ್ಕಳ ಹೆಸರು ಗ್ರಂಥದಲ್ಲಿಲ್ಲ, ಮೂವರು ಹೆಣ್ಣುಮಕ್ಕಳದ್ದು ಮಾತ್ರ ಇದೆ. ಹಿರಿಯವಳು ಜೆಮೀಮಾ, ಸಾಮಾನ್ಯವಾಗಿ ಪಾರಿವಾಳ ಅಂತ ಅರ್ಥ ಹೇಳುತ್ತಾರೆ. ನಡುವಿನವಳು ಕೆಜ಼ಿಯಾ. ಕಿರಿಯವಳು ಕೆರೆನ್ ಹಪ್ಪೂಕ್, ಅಂದರೆ ಕಾಡಿಗೆ ತುಂಬಿಡುವ ಕೊಂಬು. ಮುಂದಿನ ವಚನ ನನಗೆ ಎಲ್ಲಕ್ಕಿಂತ ಮುಖ್ಯವಾಗಿ ಕಾಣುತ್ತದೆ: ತಂದೆ ಈ ಮೂವರಿಗೂ ಅಣ್ಣತಮ್ಮಂದಿರ ಜೊತೆಗೇ ಪಾಲು ಕೊಟ್ಟ. ಬೈಬಲಿನದೇ ಅರಣ್ಯಕಾಂಡದ (ರಾಮಾಯಣದ್ದಲ್ಲ) 27ನೇ ಅಧ್ಯಾಯದ ನಿಯಮದಲ್ಲಿ ಗಂಡುಮಕ್ಕಳಿಲ್ಲದಾಗ ಮಾತ್ರ ಹೆಣ್ಣುಮಕ್ಕಳಿಗೆ ಆಸ್ತಿ. ಯೋಬ ಏಳು ಗಂಡುಮಕ್ಕಳಿದ್ದೂ ಕೊಟ್ಟ. ಕರ್ನಾಟಕದಲ್ಲಿ ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲು ಅಂತ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ತಿದ್ದುಪಡಿ ಬಂದದ್ದು 1994ರಲ್ಲಿ, ದೇಶಕ್ಕೆಲ್ಲ ಬಂದದ್ದು 2005ರಲ್ಲಿ. ಇವತ್ತಿಗೂ ತೋಟ ಪಾಲಾಗುವಾಗ ಹಕ್ಕುಬಿಡುಗಡೆ ಪತ್ರಕ್ಕೆ ಹೆಣ್ಣುಮಕ್ಕಳ ಸಹಿ ಹಾಕಿಸಿಕೊಳ್ಳುವ ನಮ್ಮ ಎರಡು ಜಿಲ್ಲೆಗಳವರು ಈ ಹೆಸರಿನ ಹಿನ್ನೆಲೆ ತಿಳಿದುಕೊಳ್ಳುವುದು ಒಳ್ಳೆಯದು. ಮಗಳು ದೊಡ್ಡವಳಾಗಿ ‘ನನಗೆ ಈ ಹೆಸರು ಯಾಕೆ’ ಅಂತ ಕೇಳಿದರೆ ಹೇಳಲು ನಿಮ್ಮ ಹತ್ತಿರ ಗಟ್ಟಿಯಾದ ಉತ್ತರ ಇರುತ್ತದೆ.

ಸ್ವಭಾವದ ವಿಷಯ. ಗ್ರಂಥದಲ್ಲಿ ಕೆಜ಼ಿಯಾ ಒಂದು ಮಾತೂ ಆಡುವುದಿಲ್ಲ. ಆ ಮೂವರಷ್ಟು ಚೆಲುವೆಯರು ನಾಡಿನಲ್ಲೇ ಇರಲಿಲ್ಲ ಅನ್ನುವುದು ಬಿಟ್ಟರೆ ಬೇರೆ ವರ್ಣನೆಯಿಲ್ಲ. ‘ಧೈರ್ಯವಂತೆ, ಕಲಾಪ್ರೇಮಿ’ ಎಲ್ಲ ಅಕ್ಷರಕ್ಕೆ ಅಂಕಿ ಹಚ್ಚಿ ಕೂಡಿಸಿದ ಲೆಕ್ಕದಿಂದ ಬಂದದ್ದು. ಕೊನೆಯ ‘ಎಚ್’ ಬಿಟ್ಟು ಬರೆದರೆ ಮೊತ್ತ ಬದಲಾಗಿ ಗುಣವೂ ಬದಲಾಗುತ್ತದೆ. ಅದನ್ನು ನೆಚ್ಚಿಕೊಳ್ಳಬೇಡಿ.

ಈಗ ನಿಜವಾದ ತೊಡಕಿಗೆ ಬರೋಣ. ನೀವು ಬರೆದಿರುವ ‘ಕೆಜ಼ಾಯಾ’ ಇಂಗ್ಲಿಷ್‌ನವರ ಉಚ್ಚಾರ. ನೀವಿರುವುದು ಜರ್ಮನಿಯಲ್ಲಿ. ಅಲ್ಲಿ ‘ಜ಼ೆಡ್’ ಅಕ್ಷರವನ್ನು ‘ತ್ಸ’ ಅಂತಲೇ ಓದುತ್ತಾರೆ, ಹಾಗಾಗಿ ಶಿಶುವಿಹಾರದಲ್ಲಿ ಕಾಗದ ನೋಡಿ ಕರೆಯುವವರು ‘ಕೆತ್ಸೀಯಾ’ ಅನ್ನುತ್ತಾರೆ. ಅದು ಮೂಲ ಹೀಬ್ರೂಗೆ ಹತ್ತಿರವೇ. ಆದರೆ ಮನೆಯಲ್ಲಿ ‘ಜಾಯಾ’, ಶಾಲೆಯಲ್ಲಿ ‘ತ್ಸೀಯಾ’ ಅಂತಾದರೆ ಸ್ವರವೂ ಬೇರೆ, ವ್ಯಂಜನವೂ ಬೇರೆ, ಮಗುವಿಗೆ ಎರಡು ಹೆಸರಿದ್ದಂತಾಗುತ್ತದೆ. ನನ್ನ ಸಲಹೆ ‘ಕೆಜ಼ಿಯಾ’. ಕೇರಳ, ಕರ್ನಾಟಕದ ಕ್ರೈಸ್ತ ಕುಟುಂಬಗಳಲ್ಲೂ ಹೆಚ್ಚುಕಮ್ಮಿ ಹೀಗೇ ಕರೆಯುತ್ತಾರೆ. ಜರ್ಮನ್ನರ ಬಾಯಲ್ಲಿ ನಡುವಿನ ವ್ಯಂಜನ ಮಾತ್ರ ವ್ಯತ್ಯಾಸವಾಗುತ್ತದೆ. ಹಾಸನದಲ್ಲಿ ‘ಜ಼’ ಹೋಗಿ ‘ಜ’ ಆಗಿ ‘ಕೆಜಿಯಾ’ ಆಗುತ್ತದೆ, ಅದಕ್ಕೆ ಬೇಜಾರು ಮಾಡಿಕೊಳ್ಳಬೇಡಿ. ಕೊನೆಯಲ್ಲಿ ‘ಆ’ ಇರುವುದು ಅನುಕೂಲ. ರೂತ್ ನಮ್ಮಲ್ಲಿ ‘ರೂತು’ ಆದಂತೆ ಇದಕ್ಕೆ ಉಕಾರ ಹತ್ತುವುದಿಲ್ಲ, ಕೇಳಿದ ತಕ್ಷಣ ಹೆಣ್ಣುಮಗುವಿನ ಹೆಸರು ಅಂತಲೂ ಗೊತ್ತಾಗುತ್ತದೆ.

ಮೊಟಕು ಮಾಡಿ ‘ಕೆಜಿ’ ಅಂತ ಮಾತ್ರ ಕರೆಯಲು ಬಿಡಬೇಡಿ. ಊರಿಗೆ ಬಂದಾಗ ತೂಕಕ್ಕೂ ಎಲ್‌ಕೆಜಿಗೂ ಅದು ತಳುಕು ಹಾಕಿಕೊಂಡು ಮಗು ಕುಗ್ಗುತ್ತದೆ. ಮನೆಯಲ್ಲಿ ಕರೆಯುವ ಹೆಸರು ಬೇಕಾದರೆ ‘ಚಿನ್ನಿ’ ಅನ್ನಿ. ದಾಲ್ಚಿನ್ನಿಯೊಳಗೇ ಇದೆ, ನಮ್ಮ ಕಡೆ ಹೆಣ್ಣುಮಕ್ಕಳನ್ನು ಮುದ್ದಿಗೆ ಹಾಗೇ ಕರೆಯುತ್ತಾರೆ, ಅಜ್ಜಿಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಇದೇ ಬಗೆಯ ಬೇರೆ ಹೆಸರುಗಳನ್ನು ನೋಡುತ್ತಿದ್ದರೆ ಒಂದೆರಡು ಎಚ್ಚರಿಕೆ. ‘ನಾಮಾ’ಗೆ ಹೀಬ್ರೂವಿನಲ್ಲಿ ಮನೋಹರ ಅನ್ನುವ ಅರ್ಥ, ಆದರೆ ನಮ್ಮಲ್ಲಿ ನಾಮ ಹಾಕುವುದು ಅಂದರೇನು ಅಂತ ಎಲ್ಲರಿಗೂ ಗೊತ್ತು. ‘ಯಾಯೇಲ್’ ಬೆಟ್ಟದ ಕಾಡುಮೇಕೆ, ಚೆಂದದ ಹೆಸರು. ಇಂಗ್ಲಿಷ್ ಬೈಬಲಿನಲ್ಲಿ ಅದನ್ನು ‘ಜೆ’ಯಿಂದ ಬರೆಯುತ್ತಾರೆ, ಓದಿದರೆ ಜೈಲು ಅಂತ ಕೇಳುತ್ತದೆ. ‘ಶಿರಾ’ ಅಂದರೆ ಹಾಡು, ನಮಗೆ ತುಮಕೂರು ಜಿಲ್ಲೆಯ ಊರು. ‘ತಾಮಾರ್’ ಖರ್ಜೂರದ ಮರ, ಆದರೆ ಬೈಬಲಿನಲ್ಲಿ ಆ ಹೆಸರಿನ ಇಬ್ಬರು ಹೆಂಗಸರ ಕಥೆಯೂ ನೋವಿನದು, ಓದಿಕೊಂಡು ನಿರ್ಧರಿಸಿ. ‘ತಿರ್ಜ಼ಾ’ ನನಗೆ ಇಷ್ಟ. ಮೆಚ್ಚುಗೆಯಾದವಳು ಅಂತ ಅರ್ಥ. ಅವಳೂ ತಂದೆಯ ಆಸ್ತಿಗಾಗಿ ಮೋಶೆಯ ಮುಂದೆ ನಿಂತು ಕೇಳಿದ ಐವರು ಅಕ್ಕತಂಗಿಯರಲ್ಲಿ ಒಬ್ಬಳು.

ಉತ್ತರ (ಅರಸೀಕೆರೆ ಮೂಲ, ಜರ್ಮನಿ):
ಕಾಗದಪತ್ರದ ಬಗ್ಗೆ ನಾನು ಹೇಳುತ್ತೇನೆ. ಜರ್ಮನಿಯಲ್ಲಿ ಹುಟ್ಟಿದ ಒಂದು ವಾರದೊಳಗೆ ಜನನ, ಮದುವೆ ನೋಂದಣಿ ಕಚೇರಿಯಾದ ಸ್ಟಾಂಡೆಸಾಮ್ಟ್‌ಗೆ ಜನನ ತಿಳಿಸಬೇಕು. ಸಾಮಾನ್ಯವಾಗಿ ಆಸ್ಪತ್ರೆಯವರೇ ಕಳಿಸುತ್ತಾರೆ. ಹೆಸರು ಅಷ್ಟರಲ್ಲಿ ನಿರ್ಧಾರವಾಗದಿದ್ದರೆ ಒಂದು ತಿಂಗಳೊಳಗೆ ತಿಳಿಸಲು ಅವಕಾಶವಿದೆ. ನಕ್ಷತ್ರ ನೋಡಿ ಹೆಸರಿಡುವವರು ಈ ಅವಕಾಶ ಬಳಸಿಕೊಳ್ಳಿ. ಆಸ್ಪತ್ರೆಯ ಫಾರ್ಮಿನಲ್ಲಿ ಆತುರಕ್ಕೆ ಬರೆದುಬಿಟ್ಟು ಹನ್ನೊಂದನೇ ದಿನ ಮನಸ್ಸು ಬದಲಾದರೆ ಆಮೇಲೆ ತಿದ್ದಿಸುವುದು ಬಹಳ ಕಷ್ಟ.

ಅಪರೂಪದ ಹೆಸರಾದರೆ ‘ಇದು ನಿಜವಾಗಿ ಹೆಸರೇ’ ಅಂತ ಅಧಿಕಾರಿ ಕೇಳಬಹುದು. ಕೆಜ಼ಿಯಾಗೆ ಯೋಬ 42:14ರ ಜರ್ಮನ್ ಪುಟ ತೋರಿಸಿದರೆ ಆಧಾರ ಗಟ್ಟಿ. ಅದಕ್ಕೂ ಒಪ್ಪದಿದ್ದರೆ ವೀಸ್‌ಬಾಡೆನ್‌ನ ಜರ್ಮನ್ ಭಾಷಾ ಸಂಘ ಅಥವಾ ಲೈಪ್‌ಜಿಗ್ ವಿಶ್ವವಿದ್ಯಾಲಯದ ಹೆಸರು ಸಲಹಾ ಕೇಂದ್ರದಿಂದ ಶುಲ್ಕ ಕಟ್ಟಿ ಅಭಿಪ್ರಾಯ ಪತ್ರ ತರಬಹುದು. ಗಂಡೋ ಹೆಣ್ಣೋ ಅಂತ ಹೆಸರಿನಲ್ಲೇ ಗೊತ್ತಾಗಬೇಕು ಅನ್ನುವ ಹಳೆಯ ಒತ್ತಾಯ ಈಗಿಲ್ಲ. ಅದನ್ನು ತೆಗೆದುಹಾಕಿದ್ದು ಅಲ್ಲಿನ ಸಂವಿಧಾನ ನ್ಯಾಯಾಲಯದ 2008ರ ತೀರ್ಪು, ಆ ಮೊಕದ್ದಮೆ ನಡೆದದ್ದು ನಮ್ಮ ‘ಕಿರಣ್’ ಅನ್ನುವ ಹೆಸರಿನ ಮೇಲೆ.

ಕಾಗುಣಿತ ಒಂದೇ ಇರಲಿ. ಕೊನೆಯಲ್ಲಿ ‘ಎಚ್’ ಇಡಬೇಕೋ ಬೇಡವೋ ಅಂತ ಹೆರಿಗೆಗೆ ಮುಂಚೆಯೇ ನಿರ್ಧರಿಸಿ. ನಾನಾದರೆ ಬೇಡ ಅನ್ನುತ್ತೇನೆ. ಅದು ಉಚ್ಚಾರಕ್ಕೆ ಬರುವುದಿಲ್ಲ, ಮುಂದೆ ಕನ್ನಡಕ್ಕೆ ಅಕ್ಷರಕ್ಕೆ ಅಕ್ಷರ ಇಳಿಸುವಾಗ ‘ಕೆಜಿಯಾಹ್’ ಅಂತ ಬಾಲ ಹುಟ್ಟುತ್ತದೆ. ಅಕ್ಷರದ ಮೇಲೆ ಚುಕ್ಕೆ, ನಡುವೆ ಅಪಾಸ್ಟ್ರಫಿ ಹಾಕುವ ಚೆಂದದ ಕಾಗುಣಿತಗಳೂ ಬೇಡ. ಪಾಸ್‌ಪೋರ್ಟಿನ ಕೆಳಗೆ ಯಂತ್ರ ಓದುವ ಸಾಲಿನಲ್ಲಿ ಹೆಸರಿಗೆ 39 ಜಾಗ ಮಾತ್ರ, ಅಲ್ಲಿ ಅವೆಲ್ಲ ಉದುರಿಹೋಗುತ್ತವೆ. ಆಮೇಲೆ ವಿಮಾನದ ಟಿಕೆಟ್ ಒಂದು ಥರ, ಜನನ ಪ್ರಮಾಣಪತ್ರ ಇನ್ನೊಂದು ಥರ ಆಗುತ್ತದೆ.

ನಮ್ಮ ಹಾಸನದವರಿಗೆ ಮಗಳ ಹೆಸರಿಗಿಂತ ಅಪ್ಪನ ಹೆಸರೇ ದೊಡ್ಡ ತಲೆನೋವು. ಊರು, ತಂದೆ ಹೆಸರಿನ ಇನಿಷಿಯಲ್ ಬಿಟ್ಟರೆ ಸರ್‌ನೇಮ್ ಇರುವುದಿಲ್ಲ. ಯಜಮಾನರ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ ಇದ್ದರೆ ಮಗುವಿನ ಕುಟುಂಬದ ಹೆಸರು ಏನು ಅನ್ನುವಲ್ಲೇ ಅರ್ಜಿ ನಿಲ್ಲುತ್ತದೆ. ಹೆರಿಗೆಗೆ ಮುಂಚೆ ಪಾಸ್‌ಪೋರ್ಟ್ ಸರಿಮಾಡಿಸಿಕೊಂಡರೆ ಒಳ್ಳೆಯದು. ಮದುವೆ ನೋಂದಣಿ ಪತ್ರದಲ್ಲೂ ಹೆಸರು ಅದೇ ಥರ ಇದೆಯಾ ನೋಡಿ.

ಮಗುವಿಗೆ ಭಾರತದ ಪೌರತ್ವ ಬೇಕಿದ್ದರೆ, ಹುಟ್ಟಿದ ಒಂದು ವರ್ಷದೊಳಗೆ ಮ್ಯೂನಿಕ್ ಕಾನ್ಸುಲೇಟಿನಲ್ಲಿ ಜನನ ನೋಂದಣಿ ಆಗಲೇಬೇಕು. ಬೇರೆ ದೇಶದ ಪಾಸ್‌ಪೋರ್ಟ್ ಇಲ್ಲ ಅಂತ ಘೋಷಣೆಯನ್ನೂ ಕೊಡಬೇಕು. ವರ್ಷ ದಾಟಿದರೆ ಕೇಂದ್ರ ಸರ್ಕಾರದ ಅನುಮತಿ ಬೇಕಾಗುತ್ತದೆ. ಮಗು ಜರ್ಮನ್ ಪ್ರಜೆಯಾದರೆ ಅಲ್ಲಿನ ಪಾಸ್‌ಪೋರ್ಟ್ ತೆಗೆದುಕೊಂಡು ಒಸಿಐಗೆ, ಅಂದರೆ ವಿದೇಶಿ ಪ್ರಜೆಯಾದ ಭಾರತ ಮೂಲದವರಿಗೆ ಕೊಡುವ ಕಾರ್ಡಿಗೆ, ಹೋಗುವುದು. ಒಸಿಐನಲ್ಲಿ ಹೆಸರು ಪಾಸ್‌ಪೋರ್ಟಿನಲ್ಲಿ ಇದ್ದಂತೆಯೇ ಬರುತ್ತದೆ, ಅಲ್ಲಿ ಹೊಸದಾಗಿ ತಿದ್ದಲು ಆಗುವುದಿಲ್ಲ.

ಉತ್ತರ (ಹಾಸನ):
ಮಗಳೇ, ನಾಮಕರಣದ ಕಡೆಯಿಂದ ಎರಡು ಮಾತು. ‘ಕೆ’ ಪುನರ್ವಸು ನಕ್ಷತ್ರದ ಮೊದಲ ಪಾದದ ಅಕ್ಷರ, ಮಿಥುನ ರಾಶಿ. ಮಗು ಬೇರೆ ನಕ್ಷತ್ರದಲ್ಲಿ ಹುಟ್ಟಿದರೆ ಹಿರಿಯರು ಈ ಹೆಸರು ಬೇಡ ಅನ್ನಬಹುದು. ಜಗಳ ಬೇಡ, ಶಾಸ್ತ್ರದಲ್ಲೇ ದಾರಿ ಇದೆ. ನಕ್ಷತ್ರನಾಮ, ಮಾಸನಾಮ, ಕುಲದೇವತೆಯ ಹೆಸರು, ವ್ಯಾವಹಾರಿಕ ನಾಮ ಅಂತ ಬೇರೆಬೇರೆ ಇಡುವುದು ಹಳೆಯ ಪದ್ಧತಿಯೇ. ನಕ್ಷತ್ರದ ಹೆಸರು ಸಂಕಲ್ಪಕ್ಕೂ ಜಾತಕಕ್ಕೂ, ಕೆಜ಼ಿಯಾ ಅನ್ನುವುದು ವ್ಯವಹಾರಕ್ಕೆ. ತಟ್ಟೆಯ ಅಕ್ಕಿಯ ಮೇಲೆ ಉಂಗುರದಿಂದ ಬರೆಯುವಾಗ ಎಲ್ಲ ಹೆಸರೂ ಬರೆಯಿರಿ. ‘ಕೆ’ ಹ್ರಸ್ವ, ‘ಕೇ’ ಅಲ್ಲ. ‘ಜಿ’ ಕೆಳಗೆ ಎರಡು ಚುಕ್ಕೆ ಇಟ್ಟರೆ ಜ಼ಿ. ಅಕ್ಕಿಯಲ್ಲಿ ಚುಕ್ಕೆ ನಿಲ್ಲುವುದಿಲ್ಲ, ಬೆರಳ ತುದಿಯಿಂದ ಒತ್ತಿದರೆ ಸಾಕು. ಸೋದರತ್ತೆ ಕಿವಿಯಲ್ಲಿ ಹೆಸರು ಹೇಳುವ ಮುಂಚೆ ಅವರಿಗೆ ನಾಲ್ಕು ಸಲ ಹೇಳಿಸಿ ರೂಢಿ ಮಾಡಿಸಿ. ಮೊದಲು ಹೇಗೆ ಹೇಳಿದರೋ ನೆಂಟರೆಲ್ಲ ಹಾಗೇ ಹಿಡಿದುಕೊಳ್ಳುತ್ತಾರೆ.

ಮರುಪ್ರಶ್ನೆ (ಸ್ಟುಟ್‌ಗಾರ್ಟ್):
ತುಂಬಾ ಉಪಕಾರವಾಯಿತು. ಅಮ್ಮ ಬಾಣಂತನಕ್ಕೆ ಹಾಸನಕ್ಕೇ ಬಾ ಅನ್ನುತ್ತಿದ್ದಾರೆ. ಹೆರಿಗೆ ಅಲ್ಲೇ ಆದರೆ?

ಉತ್ತರ (ಅರಸೀಕೆರೆ ಮೂಲ, ಜರ್ಮನಿ):
ಹಾಗಾದರೆ ಜನನ ನೋಂದಣಿ 21 ದಿನದೊಳಗೆ. ಆಸ್ಪತ್ರೆಯ ಮೂಲಕ ರಾಜ್ಯದ ಜನನ ನೋಂದಣಿ ಜಾಲತಾಣ ಇ-ಜನ್ಮದಲ್ಲಿ ಆಗುತ್ತದೆ. ಹೆಸರಿನ ಜಾಗ ಖಾಲಿ ಬಿಟ್ಟೂ ನೋಂದಾಯಿಸಬಹುದು. ಹನ್ನೆರಡು ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು, ಆಮೇಲೆ ಶುಲ್ಕ ಕಟ್ಟಿ ಹದಿನೈದು ವರ್ಷದವರೆಗೆ. ಪ್ರಮಾಣಪತ್ರ ಕನ್ನಡ, ಇಂಗ್ಲಿಷ್ ಎರಡರಲ್ಲೂ ಬರುವುದರಿಂದ ಎರಡೂ ಲಿಪಿಯಲ್ಲಿ ದೊಡ್ಡಕ್ಷರದಲ್ಲಿ ಬರೆದ ಚೀಟಿ ಕೊಡಿ, ಬಾಯಲ್ಲಿ ಹೇಳಿ ಬರಬೇಡಿ. ಮುದ್ರಣಕ್ಕೆ ಮುಂಚೆ ಕರಡು ತೋರಿಸಲು ಕೇಳಿ. ಚುಕ್ಕೆಯ ‘ಜ಼’ ಎಷ್ಟೋ ಫಾಂಟುಗಳಲ್ಲಿ ಮೂಡುವುದಿಲ್ಲ, ಚೌಕ ಬಂದುಬಿಡುತ್ತದೆ. ಹಾಗೆ ಬಂದರೆ ಬರೀ ‘ಕೆಜಿಯಾ’ ಅಂತ ಮಾಡಿಸಿ. ಇಂಗ್ಲಿಷಿನ ಕಾಗುಣಿತ ಮಾತ್ರ ಒಂದಕ್ಷರವೂ ಆಚೀಚೆ ಆಗಬಾರದು. 2023ರ ಅಕ್ಟೋಬರ್ 1ರ ನಂತರ ಹುಟ್ಟಿದ ಮಕ್ಕಳಿಗೆ ಶಾಲೆ, ಪಾಸ್‌ಪೋರ್ಟ್, ಆಧಾರ್ ಎಲ್ಲಕ್ಕೂ ಹುಟ್ಟಿದ ದಿನ, ಸ್ಥಳದ ದಾಖಲೆ ಅಂದರೆ ಈ ಪ್ರಮಾಣಪತ್ರವೇ. ವಾಪಸ್ ಹೊರಡುವ ಟಿಕೆಟ್ ಮಾಡಿಸುವುದು ಮಗುವಿನ ಪಾಸ್‌ಪೋರ್ಟ್, ವೀಸಾ ಎರಡೂ ಕೈಗೆ ಬಂದ ಮೇಲೆ.