ಕಡಿಮೆ ದುಡ್ಡಿನ ದೆವ್ವದ ಸಿನಿಮಾಗೆ ಸಂಗೀತ ಮಾಡೋದು ಹೇಗೆ?

ಪ್ರಶ್ನೆ (ಜಮಖಂಡಿಯಿಂದ): ನಮಸ್ಕಾರ ಸರ್. ಗೆಳೆಯರೆಲ್ಲ ಸೇರಿ 22 ನಿಮಿಷದ ಹಾರರ್ ಕಿರುಚಿತ್ರ ಮಾಡಿದ್ದೇವೆ. ಕಥೆ ನಡೆಯೋದು ಒಂದು ಹಳೇ ವಾಡೆಯಲ್ಲಿ. ಸಂಗೀತಕ್ಕೆ ಉಳಿದಿರೋದು ಆರು ಸಾವಿರ ರೂಪಾಯಿ. ನನ್ನ ಹತ್ತಿರ ಲ್ಯಾಪ್‌ಟಾಪ್ ಇದೆ, ಅಜ್ಜನ ಹಾರ್ಮೋನಿಯಂ ಇದೆ. ಶುರುವಿನಿಂದ ಕೊನೆವರೆಗೂ ಬಿಜಿಎಂ ಇರಲೇಬೇಕು ಅಂತ ನಿರ್ದೇಶಕರ ಹಠ. ಏನು ಮಾಡಲಿ?

ಉತ್ತರ: ಮೊದಲು ಆ ಹಠ ಬಿಡಿಸಿ. ಪೂರ್ತಿ ಸಂಗೀತ ತುಂಬಿದರೆ ಐದನೇ ನಿಮಿಷಕ್ಕೇ ಕಿವಿ ಒಗ್ಗಿಹೋಗುತ್ತದೆ. ಆಮೇಲೆ ಯಾರೂ ಬೆಚ್ಚುವುದಿಲ್ಲ. ನಿರ್ದೇಶಕರನ್ನು ಪಕ್ಕದಲ್ಲಿ ಕೂರಿಸಿಕೊಂಡು ಸಿನಿಮಾ ನೋಡಿ, ಎಲ್ಲೆಲ್ಲಿ ಸಂಗೀತ ಬೇಡ ಅನ್ನೋದನ್ನು ಬರೆದುಕೊಳ್ಳಿ. ಬಾಗಿಲು ಕಿರುಗುಟ್ಟುವಾಗ, ಜಂತಿ ಮೇಲೆ ಇಲಿ ಓಡುವಾಗ ನೀವು ಸುಮ್ನಿರಿ.

ಹಾರ್ಮೋನಿಯಂ ಇದೆಯಲ್ಲ, ಅರ್ಧ ಕೆಲಸ ಆಯ್ತು. ಮನೆ (ಕೀ) ಒಂದೂ ಒತ್ತದೆ ಬರೀ ತಿದಿ ಹಾಕಿ, ಮೊಬೈಲನ್ನು ತೀರಾ ಹತ್ತಿರ ಇಟ್ಟು ರೆಕಾರ್ಡ್ ಮಾಡಿ. ಯಾರೋ ಉಸಿರಾಡಿದ ಹಾಗೆ ಕೇಳಿಸುತ್ತದೆ. ಆಮೇಲೆ ಷಡ್ಜ, ಕೋಮಲ ರಿಷಭ ಎರಡನ್ನೂ ಒಟ್ಟಿಗೆ ಹಿಡಿದು, ಒಂದು ಮನೆಯನ್ನು ನಿಧಾನಕ್ಕೆ ಅರ್ಧ ಮೇಲೆ ಬಿಡಿ. ಸ್ವರ ಅಲುಗಾಡುತ್ತದೆ, ಉಸಿರುಕಟ್ಟುತ್ತದೆ. ಅದನ್ನೇ ಕಾಲು ವೇಗಕ್ಕೆ ಇಳಿಸಿದರೆ ಎರಡು ಸಪ್ತಕ ಕೆಳಗೆ ಬರುತ್ತದೆ. ಆಗ ಅದು ಹಾರ್ಮೋನಿಯಂ ಅಂತ ನಿಮ್ಮ ಅಜ್ಜನಿಗೂ ಗೊತ್ತಾಗಲ್ಲ.

ಒಂದು ಎಚ್ಚರ: ಜನ ನೋಡೋದು ಮೊಬೈಲಿನಲ್ಲಿ. ತೀರಾ ತಗ್ಗಿನ ಸ್ವರ ಆ ಪುಟ್ಟ ಸ್ಪೀಕರಿನಲ್ಲಿ ಕೇಳಿಸೋದೇ ಇಲ್ಲ. ಅದೇ ಸ್ವರವನ್ನು ಒಂದು ಸಪ್ತಕ ಮೇಲೆ ಮೆಲ್ಲಗೆ ಸೇರಿಸಿಡಿ.

ದುಡ್ಡಿಲ್ಲ ಅಂತ ಕೊರಗಬೇಡಿ. 1978ರ ‘ಹ್ಯಾಲೋವೀನ್’ಗೆ ನಿರ್ದೇಶಕ ಜಾನ್ ಕಾರ್ಪೆಂಟರ್ ತಾವೇ ಸಂಗೀತ ಮಾಡಿದರು. ಅದರ ಪಿಯಾನೋ ಧಾಟಿ ಐದರ ಎಣಿಕೆಯದು. ನಾಲ್ಕಕ್ಕೆ ಒಗ್ಗಿದವರಿಗೆ ಅಲ್ಲೇನೋ ತಪ್ಪಿದಂತೆ ಅನಿಸುತ್ತದೆ. ಎರಡು-ಮೂರರ ಎಣಿಕೆಯ ಝಪತಾಳ ಕೇಳಿ ಬೆಳೆದ ನಮ್ಮ ಕಡೆಯವರನ್ನು ಐದರಲ್ಲಿ ಹೆದರಿಸೋದು ಕಷ್ಟ, ಅದು ಬೇರೆ ಮಾತು!

ಆರು ಸಾವಿರದಲ್ಲಿ ಪಿಟೀಲು ನುಡಿಸುವವರೊಬ್ಬರನ್ನು ಒಂದು ಮಧ್ಯಾಹ್ನಕ್ಕೆ ಕರೆಯಿರಿ. ರಾಗ ಬೇಡ. ಪಿಟೀಲಿನ ಕುದುರೆಯ (ತಂತಿಗಳನ್ನು ಎತ್ತಿ ಹಿಡಿಯುವ ಮರದ ತುಂಡು) ಹತ್ತಿರ ಕಮಾನು ಎಳೆದು ಕೆರೆದ ದನಿ ಮಾತ್ರ ಸಾಕು.

ಪ್ರಶ್ನೆ (ವಿಜಯಪುರದಿಂದ): ಸರ್, ಗೋಲಗುಮ್ಮಟದಲ್ಲಿ ಕೂಗಿ ಆ ಪ್ರತಿಧ್ವನಿ ಹಿಡಿದರೆ ಹೇಗೆ?

ಉತ್ತರ: ಆಸೆ ಒಳ್ಳೆಯದೇ. ಆದರೆ ಅಲ್ಲಿ ಬಂದವರೆಲ್ಲ ಕೂಗುತ್ತಲೇ ಇರುತ್ತಾರೆ. ಸಿನಿಮಾಗೆ ಅಂದರೆ ಪುರಾತತ್ವ ಇಲಾಖೆಯ ಅನುಮತಿಯನ್ನೂ ಕೇಳಬೇಕು. ಅದರ ಬದಲು ಖಾಲಿ ಗೋದಾಮಿನಲ್ಲಿ ಒಂದು ಬಲೂನ್ ಒಡೆದು, ಸದ್ದು ಪೂರ್ತಿ ಆರುವವರೆಗೂ ರೆಕಾರ್ಡ್ ಮಾಡಿ. ಆ ಫೈಲನ್ನು ರೀಪರ್ ಅನ್ನೋ ರೆಕಾರ್ಡಿಂಗ್ ಸಾಫ್ಟ್‌ವೇರಿನ ರಿಯಾವರ್ಬ್‌ಗೆ (ಪ್ರತಿಧ್ವನಿ ಸೇರಿಸುವ ಪ್ಲಗಿನ್) ಹಾಕಿದರೆ ನಿಮ್ಮ ಯಾವ ಸ್ವರವನ್ನಾದರೂ ಅದೇ ಗೋದಾಮಿನಲ್ಲಿ ನುಡಿಸಿದಂತೆ ಕೇಳಿಸಬಹುದು. ಊರಲ್ಲಿ ಹಳೇ ಹಗೇವು (ನೆಲದೊಳಗಿನ ಕಾಳಿನ ಕಣಜ) ಇದ್ದರೆ ಇನ್ನೂ ಚೆಂದ. ಆದರೆ ಒಳಗೆ ಮಾತ್ರ ಇಳಿಯಬೇಡಿ. ಕೆಟ್ಟ ಗಾಳಿ ಸೇರಿರುತ್ತದೆ, ಜೀವ ಹೋಗುತ್ತದೆ. ಮೊಬೈಲನ್ನು ಹಗ್ಗಕ್ಕೆ ಕಟ್ಟಿ ಇಳಿಬಿಡಿ.

ಪ್ರಶ್ನೆ (ಸವದತ್ತಿಯಿಂದ): ದೆವ್ವ ಬಂದಾಗಲೆಲ್ಲ ಚೌಡಿಕೆ ಹಾಕಿದರೆ ಹೇಗಣ್ಣಾ? ಆ ಕಂಪನ ಕೇಳಿದರೇ ಮೈ ಜುಂ ಅನ್ನುತ್ತೆ.

ಉತ್ತರ: ಬೇಡ ತಮ್ಮಾ. ನಿಮ್ಮೂರಲ್ಲೇ ಅದು ಎಲ್ಲಮ್ಮನ ಪದ ಹಾಡುವವರ ವಾದ್ಯ. ಅದನ್ನು ದೆವ್ವದ ಗುರುತು ಮಾಡಿದರೆ ಹಾಡುವವರಿಗೆ ನೋವಾಗುತ್ತದೆ, ನೋಡುವವರಿಗೂ ಸರಿ ಕಾಣಲ್ಲ. ಕಥೆಯಲ್ಲೇ ಜೋಗತಿಯ ಪಾತ್ರ ಇದ್ದರೆ ಮಾತು ಬೇರೆ.

ಪ್ರಶ್ನೆ (ಜಮಖಂಡಿಯಿಂದ): ಯೂಟ್ಯೂಬಿನಲ್ಲಿ ‘ನೋ ಕಾಪಿರೈಟ್’ ಅಂತ ಇರೋದನ್ನು ಹಾಕಬಹುದಾ ಸರ್?

ಉತ್ತರ: ಆ ಹೆಸರು ನಂಬಬೇಡಿ. ಲೈಸೆನ್ಸ್ ಏನು ಹೇಳುತ್ತದೆ ಅಂತ ಓದಿ, ಅದರ ಪ್ರತಿ ಇಟ್ಟುಕೊಳ್ಳಿ. ಚಿತ್ರೋತ್ಸವಕ್ಕೆ ಕಳಿಸುವಾಗ ಸಂಗೀತದ ಹಕ್ಕು ಯಾರದು ಅಂತ ಕೇಳುತ್ತಾರೆ. ಅಂದಹಾಗೆ, ಎಡಿಟ್ ಲಾಕ್ ಆಗಿದೆಯಾ?

ಪ್ರಶ್ನೆ (ಜಮಖಂಡಿಯಿಂದ): ಇಲ್ಲ ಸರ್, ಇನ್ನೂ ಎರಡು ಸೀನ್ ಕತ್ತರಿಸೋದಿದೆ.

ಉತ್ತರ: ಹಾಗಾದರೆ ಈಗ ಸದ್ದುಗಳನ್ನು ಮಾತ್ರ ಕೂಡಿಡಿ. 48 ಕಿಲೋಹರ್ಟ್ಸ್, 24 ಬಿಟ್ ವೇವ್ ಫೈಲ್ ಇರಲಿ. ಲಾಕ್ ಆದಮೇಲೆ ಟೈಮ್‌ಕೋಡ್ (ಪರದೆ ಮೇಲೆ ಓಡುವ ಸಮಯದ ಅಂಕಿ) ಇರುವ ವಿಡಿಯೋ ಈಸಿಕೊಂಡು ಆ ಸದ್ದುಗಳನ್ನು ಕೂರಿಸಿ.